ಇದ್ದಾರೋ, ಹೋಗ್ಯಾರೋ?

ನಮ್ಮ ಅಂಗಡಿಗೆ ಯಾರದಾದರೂ ದೊಡ್ಡ ಫೋಟೋ ಬಂದರೆ ನಾನು ಮೊದಲು ಅಳತೆ ಕೇಳುವುದಿಲ್ಲ, ಪಟ್ಟಿಯ ಬಣ್ಣ ಕೇಳುವುದಿಲ್ಲ. ಒಂದೇ ಪ್ರಶ್ನೆ: 'ಇದ್ದಾರೋ, ಹೋಗ್ಯಾರೋ?'

ಹೊಸಬರಿಗೆ ಇದು ಒರಟು ಅನ್ನಿಸುತ್ತದೆ. ಅನ್ನಿಸಲಿ. ಬೆಳಗಾವಿ ಶಹಾಪುರದ ಈ ಓಣಿಯಲ್ಲಿ ಫ್ರೇಮ್ ಹಾಕಿಯೇ ಇಬ್ಬರು ಮಕ್ಕಳನ್ನು ಓದಿಸಿದವಳು ನಾನು. ಇರುವವರ ಫ್ರೇಮು ಬೇರೆ, ಹೋದವರ ಫ್ರೇಮು ಬೇರೆ. ಹೋದವರದಾದರೆ ಮೇಲಿನ ಪಟ್ಟಿಯ ಎರಡು ತುದಿಗೆ ಹಾರ ಸಿಕ್ಕಿಸಲು ಹಿತ್ತಾಳೆಯ ಕೊಂಡಿ ಬೇಕು. ಕೆಳಗೆ ನಡುವೆ ಕೆಂಪು ಝೀರೋ ಬಲ್ಬಿನ ಹೋಲ್ಡರ್ ಬೇಕು. ಹಿಂದಿನ ತಂತಿಯನ್ನು ಸ್ವಲ್ಪ ಕೆಳಗೆ ಕಟ್ಟಬೇಕು. ಆಗ ಫೋಟೋ ಗೋಡೆಯಿಂದ ಮುಂದಕ್ಕೆ ಬಾಗಿ, ಮನೆಯವರು ಉಂಡರೋ ಇಲ್ಲವೋ ಎಂದು ನೋಡುತ್ತಿರುವ ಹಾಗೆ ನಿಲ್ಲುತ್ತದೆ. ಕೊನೆಗೊಂದು ತಗಡಿನ ಪಟ್ಟಿ. ಲಿಂಗಾಯತರ ಮನೆಯಾದರೆ ಹೆಸರಿನ ಮೊದಲು 'ಲಿಂ.' ಎಂದು ಬರೆಯಬೇಕು, ಲಿಂಗೈಕ್ಯರಾದರು ಎಂದು ಅರ್ಥ. ಮರಾಠಿ ಮನೆಯಾದರೆ 'ಕೈ.', ಕೈಲಾಸವಾಸಿ. ಇಷ್ಟೆಲ್ಲ ಇರುವಾಗ ಕೇಳದೆ ಕೆಲಸ ಹಿಡಿಯುವವರು ಹುಚ್ಚರು.

ಆದರೂ ಒಮ್ಮೆ ತಪ್ಪಿದೆ. ಕೇಳದೆ ತಪ್ಪಿದ್ದರೆ ಒಂದು ಮಾತು. ಕೇಳಿ, ಉತ್ತರ ತೆಗೆದುಕೊಂಡು, ಕಣ್ಣೀರು ಒರೆಸಿಕೊಂಡು ತಪ್ಪಿದೆ. ಆ ಸಿಟ್ಟು ಇನ್ನೂ ಇಳಿದಿಲ್ಲ.

ಆಕೆ ಜಾರ್ಜಿಯಾದವಳು. ಅಮೆರಿಕಾದ ಜಾರ್ಜಿಯಾ ಅಲ್ಲ, ರಷ್ಯಾದ ಬಾಜೂದು; ಇದನ್ನು ಆಕೆಯ ಪರವಾಗಿ ನಾನೇ ನೂರು ಜನರಿಗೆ ಹೇಳಿದ್ದೇನೆ. ಖಾನಾಪುರದ ಹುಡುಗನೊಬ್ಬ ಅಲ್ಲಿ ಡಾಕ್ಟರಿಕೆ ಓದಲು ಹೋಗಿ, ಡಿಗ್ರಿಯ ಜೊತೆಗೆ ಈಕೆಯನ್ನೂ ಕರೆದುಕೊಂಡು ಬಂದ. ಆತನಿಗೆ ಬೆಳಗಾವಿಯ ದವಾಖಾನೆಯಲ್ಲಿ ಕೆಲಸ, ಅನಗೋಳದಲ್ಲಿ ಬಾಡಿಗೆ ಮನೆ. ಆಕೆ ತನ್ನ ದೇಶದಲ್ಲಿ ಚಿತ್ರಕಲೆ ಕಲಿತು ಕಲಿಸಿದವಳು. ಮರಾಠಿ ಶಾಲೆಯ ಟೀಚರಿಗೆ ಅನ್ನುವ ಹಾಗೆ ನಾವೆಲ್ಲ 'ಬಾಯಿ' ಅನ್ನುತ್ತೇವೆ.

ಮೊದಲ ಸಲ ಬಂದದ್ದು ಬೇಸಿಗೆಯ ಮಧ್ಯಾಹ್ನ, ತಲೆಯ ಮೇಲೆ ಒದ್ದೆ ಟವೆಲು, ಬಗಲಲ್ಲಿ ಹಳೆ ಚಾದರದಲ್ಲಿ ಸುತ್ತಿದ ಮೂರು ಚಿತ್ರ. ನಾನು ರೇಟು ಹೇಳಿದೆ. ಆಕೆ ಪರ್ಸು ತೆಗೆದು ಅಷ್ಟೂ ಎಣಿಸಿ ಇಟ್ಟಳು. ನನ್ನ ಜನ್ಮದಲ್ಲಿ ಯಾರೂ ಹಾಗೆ ಮಾಡಿರಲಿಲ್ಲ. ಎದುರಿನವರು ಚೌಕಾಶಿ ಮಾಡುತ್ತಾರೆಂದೇ ನಾವು ಮೇಲೆ ಒಂದಿಷ್ಟು ಕೂಡಿಸಿ ಹೇಳುವುದು. ಮಾಡದಿದ್ದರೆ ಕೂಡಿಸಿದ್ದನ್ನು ಎಲ್ಲಿ ಇಡುವುದು? ನನಗೇ ಯಾರೋ ಮೋಸ ಮಾಡಿದ ಹಾಗಾಯಿತು.

'ಹಿಂಗ ಮಾಡಬಾರದ್ರಿ ಬಾಯಿ. ನಾ ಒಂದ ಹೇಳಿದ್ರ ನೀವು ಅದರ ಅರ್ಧಾ ಕೇಳಬೇಕು.'

'ಯಾಕ್ರಿ ಅಕ್ಕಾ? ನೀವು ಸುಳ್ಳ ಹೇಳಿದ್ರೇನ್ರಿ?'

'ಸುಳ್ಳ ಯಾಕ ಹೇಳ್ಲಿ? ರೇಟ್ ಹೇಳಿದೆ.'

ಕನ್ನಡ ಆಕೆಗೆ ಖಾನಾಪುರದ ಅತ್ತೆಯ ಅಡುಗೆಮನೆಯಲ್ಲಿ ಬಂದದ್ದು, ಹಾಗಾಗಿ ಮಾತು ನಮ್ಮ ಹಾಗೆಯೇ. ಆದರೆ ಮಾತಿನ ಹಿಂದಿನ ಮಾತು ಮಾತ್ರ ತಲೆಗೆ ಹೋಗುತ್ತಿರಲಿಲ್ಲ. ಚೌಕಾಶಿ ಕಲಿಸಿದೆ. ಮೊದಲು ಬೇಡವೆನ್ನುವ ಮುಖ ಮಾಡುವುದು, ಎರಡು ಹೆಜ್ಜೆ ಹೊರಗೆ ಇಡುವುದು, ಹಿಂದಕ್ಕೆ ಕರೆಯುವ ತನಕ ತಿರುಗದೆ ಇರುವುದು. ಅದನ್ನು ಎಷ್ಟು ಚೆನ್ನಾಗಿ ಕಲಿತಳೆಂದರೆ ನಾಲ್ಕು ತಿಂಗಳಲ್ಲಿ ಖಡೇಬಜಾರಿನ ಬದನೆಕಾಯಿಯವಳು ಈಕೆ ದೂರದಲ್ಲಿ ಕಂಡರೆ ಬುಟ್ಟಿಯ ಮೇಲೆ ಗೋಣಿ ಎಳೆದುಕೊಳ್ಳುತ್ತಿದ್ದಳು. ಆದರೆ ಇನ್ನೊಂದು ಪಾಠ ಸೋತಿತು. ಅಂಗಡಿಯಿಂದ ಏಳುವಾಗಲೆಲ್ಲ 'ಹೋಗ್ತೀನ್ರಿ' ಅನ್ನುತ್ತಿದ್ದಳು.

'ಹೋಗ್ತೀನಿ ಅನಬಾರದು. ಬರ್ತೀನಿ ಅನ್ರಿ.'

'ಆದ್ರ ನಾ ಹೋಗಾಕತ್ತೀನಿ.'

'ಗೊತ್ತೈತಿ. ಆದ್ರೂ ಬರ್ತೀನಿ ಅನಬೇಕು. ಹೋಗ್ತೀನಿ ಅಂದ್ರ ಸತ್ತ ಹೋಗ್ತೀನಿ ಅಂದಂಗ.'

'ನಾ ಸಾಯಾಕತ್ತಿಲ್ಲಕ್ಕಾ. ಅನಗೋಳಕ್ಕ ಹೋಗಾಕತ್ತೀನಿ.'

ಇಂಥವಳಿಗೆ ಏನು ಹೇಳುವುದು? ಬಿಟ್ಟೆ. ಬಿಟ್ಟದ್ದೇ ತಪ್ಪು. ಕಲಿಸುವುದಾದರೆ ಪೂರ್ತಿ ಕಲಿಸಬೇಕು, ಅರ್ಧ ಕಲಿಸಿದ್ದು ಒಂದು ದಿನ ನಮ್ಮ ಕಾಲಿಗೇ ಸಿಕ್ಕಿಕೊಳ್ಳುತ್ತದೆ.

ಬಂದ ಎರಡನೇ ವರ್ಷ ಬೆಳಗಾವಿಯ ಮೂರು ಶಾಲೆಗಳಿಗೆ ಚಿತ್ರಕಲಾ ಶಿಕ್ಷಕಿಯ ಕೆಲಸ ಕೇಳಿಕೊಂಡು ಹೋದಳು. ಸೀರೆ ಉಟ್ಟುಕೊಂಡು ಹೋಗಿರಿ, ಸರ್ಟಿಫಿಕೇಟಿಗೆ ಪ್ಲಾಸ್ಟಿಕ್ ಹೊದಿಸಿರಿ, ಕೇಳದ ಹೊರತು ಸಂಬಳದ ಮಾತು ತೆಗೆಯಬೇಡಿರಿ ಎಂದು ನಾನು ಹೇಳಿ ಕಳಿಸಿದ್ದೆ. ಮೊಣಕಾಲಿಗೆ ನೀಲಿ ಬಣ್ಣ ಹತ್ತಿದ ಪ್ಯಾಂಟಿನಲ್ಲಿ ಹೋಗಿಬಂದಳು. ಆದರೆ ಪ್ಯಾಂಟಿನಿಂದ ಕೆಲಸ ತಪ್ಪಲಿಲ್ಲ ಅನ್ನುವುದನ್ನೂ ಹೇಳಬೇಕು. ಮೂರೂ ಕಡೆ ಅವರು ಕೆಲಸ ಕೊಡಲು ತಯಾರಿದ್ದರು, ಇಂಗ್ಲಿಷ್ ಕಲಿಸುವ ಕೆಲಸ. ನನಗೆ ಇಂಗ್ಲಿಷ್ ಅಷ್ಟಕ್ಕಷ್ಟೇ, ನಿಮ್ಮಷ್ಟೂ ಬರುವುದಿಲ್ಲ ಎಂದು ಆಕೆ ಅಂದದ್ದಕ್ಕೆ ಒಬ್ಬ ಹೆಡ್‌ಮಾಸ್ತರು, 'ಇಷ್ಟ ಬೆಳ್ಳಗ ಇದ್ದು ಇಂಗ್ಲಿಷ್ ಬರೂದಿಲ್ಲಂದ್ರ ಹೆಂಗ್ರಿ ಮೇಡಂ?' ಎಂದು ಬೈದೇ ಕಳಿಸಿದರಂತೆ. ಚಿತ್ರ ಕಲಿಸುತ್ತೇನೆ ಅಂದರೆ ಅದಕ್ಕೆ ಇಲ್ಲಿಯ ಸರ್ಟಿಫಿಕೇಟೇ ಬೇಕು, ಹೊರದೇಶದ್ದು ನಡೆಯುವುದಿಲ್ಲ ಅಂದರಂತೆ.

ಕೊನೆಗೆ ಆಕೆಗೆ ಶಾಲೆ ಸಿಕ್ಕಿದ್ದು ಖಾನಾಪುರದಲ್ಲಿ, ಅತ್ತೆಯ ಪಡಸಾಲೆಯಲ್ಲಿ. ಅತ್ತೆ ಅಲ್ಲಿ ದೊಡ್ಡ ಮಗನ ಸಂಸಾರದ ಜೊತೆ ಇದ್ದಾಳೆ. ಮನೆಯ ಯಜಮಾನಿಕೆ ಮಗನದು ಎಂದು ಊರು ತಿಳಿದಿದೆ. ಬೀಗದ ಕೈ ಅತ್ತೆಯ ಸೊಂಟದಲ್ಲಿದೆ. ಆ ಪಡಸಾಲೆಯ ಬಾಗಿಲು ಉತ್ತರಕ್ಕೆ. ಉತ್ತರದ ಬೆಳಕು ಮುಂಜಾನೆಯಿಂದ ಮಧ್ಯಾಹ್ನದ ತನಕ ಅಲುಗುವುದಿಲ್ಲ, ಚಿತ್ರ ಬಿಡಿಸಲು ಅಂಥ ಬೆಳಕೇ ಬೇಕು ಅನ್ನುವುದು ಬಾಯಿಯ ಮಾತು. ಹನ್ನೆರಡರೊಳಗೆ ಮುಗಿಯಬೇಕು, ನೆಲಕ್ಕೆ ಬಣ್ಣ ಬೀಳಬಾರದು ಎಂಬ ಎರಡು ಕರಾರಿನ ಮೇಲೆ ಅತ್ತೆ ರವಿವಾರಕ್ಕೊಮ್ಮೆ ಒಪ್ಪಿದಳು. ಆರು ಮಕ್ಕಳಿಂದ ಶುರುವಾಗಿ ಇಪ್ಪತ್ತಾದರು. ಕನ್ನಡ ಶಾಲೆಯ ಮಕ್ಕಳು 'ಅಕ್ಕೋರ' ಅನ್ನುವುದು, ಮರಾಠಿ ಶಾಲೆಯವರು 'ಬಾಯಿ' ಅನ್ನುವುದು. ಎರಡಕ್ಕೂ ಈಕೆ ಓ ಅನ್ನುವುದು.

ಅಲ್ಲಿಯೂ ನನ್ನ ಮಾತು ಕೇಳಲಿಲ್ಲ. ತಂದೆತಾಯಿಗಳು ಮಕ್ಕಳನ್ನು ಕಳಿಸುವುದು ಡ್ರಾಯಿಂಗ್ ಪರೀಕ್ಷೆ ಪಾಸಾಗಲಿ ಎಂದು. ಎರಡು ಗುಡ್ಡ, ನಡುವೆ ಸೂರ್ಯ, ಒಂದು ಗುಡಿಸಲು ಕಲಿಸಿ ಕಳಿಸಿರಿ, ಅವರೂ ಖುಷಿ ನೀವೂ ಖುಷಿ ಅಂದೆ. ಈಕೆ ಇಪ್ಪತ್ತು ಮಕ್ಕಳ ಮುಂದೆ ಒಂದು ಬದನೆಕಾಯಿ ಇಟ್ಟು ಮೂರು ರವಿವಾರ ಅದನ್ನೇ ಬಿಡಿಸಲು ಹಚ್ಚಿದಳು. ಮೂರನೇ ವಾರಕ್ಕೆ ಬದನೆಕಾಯಿ ಮುದುಡಿತ್ತು. 'ಈಗ ಚೊಲೋ ಆಗೈತಿ ನೋಡ್ರಿ' ಅಂದಳಂತೆ! ಆದರೂ ಮಕ್ಕಳು ಬಿಡಲಿಲ್ಲ. ಆ ಪಡಸಾಲೆಯೊಂದು ಇದ್ದದ್ದರಿಂದಲೇ ಆಕೆ ಈ ದೇಶದಲ್ಲಿ ಟೀಚರು. ಅದು ಹೋದರೆ, ಅನಗೋಳದಲ್ಲಿ ಡಾಕ್ಟರ ಹೆಂಡತಿ, ಅಷ್ಟೇ. ಇದನ್ನು ಆಕೆಯೇ ಒಮ್ಮೆ ನನ್ನ ಸ್ಟೂಲಿನ ಮೇಲೆ ಕೂತು ಹೇಳಿದ್ದಳು.

ಹೀಗಿರುವಾಗ ಅತ್ತೆಗೆ ಬೆಳಗಾವಿಯಲ್ಲಿ ಕಣ್ಣಿನ ಪೊರೆಯ ಆಪರೇಷನ್ ಆಯಿತು. ಹದಿನೈದು ದಿನ ಅನಗೋಳದಲ್ಲಿ ಇದ್ದಳು. ಬಗ್ಗಬಾರದು, ತಲೆ ಅಲ್ಲಾಡಿಸಬಾರದು, ಸುಮ್ಮನೆ ಕೂತಿರಬೇಕು ಎಂದು ಡಾಕ್ಟರು ಹೇಳಿದ್ದರು. ಚಿತ್ರಗಾರ್ತಿಗೆ ಇನ್ನೇನು ಬೇಕು? ದಿನಾ ಕಿಟಕಿಯ ಹತ್ತಿರ ಕೂರಿಸಿ ಬಿಡಿಸಿದಳು. ಕಪ್ಪು ಕನ್ನಡಕ ಹಾಕಿಕೊಂಡ ಅತ್ತೆಗೆ ಸೊಸೆ ಏನು ಬಿಡಿಸುತ್ತಿದ್ದಾಳೆ ಎಂಬುದು ಕಾಣುತ್ತಿರಲಿಲ್ಲ. ಕಣ್ಣು ಬಂದಮೇಲೆ ಮೊದಲು ಇದನ್ನೇ ನೋಡಲಿ ಎಂದು ಸೊಸೆಯ ಆಸೆ.

ಆ ದಿನಗಳಲ್ಲಿ ನನ್ನ ಅಂಗಡಿಗೆ ಬಂದು ಬಣ್ಣದ ಹೆಸರು ಕೇಳಿ ತಲೆ ತಿಂದಳು. ನಾನು ಫ್ರೇಮಿಗೆ ಬರುವ ಮೊದಲು ವಡಗಾವಿಯ ಮಗ್ಗದ ಮನೆಯಲ್ಲಿ ಕಂಡಿಕೆ ಸುತ್ತಿದವಳು. ನೂಲಿನ ಬಣ್ಣ ನನಗೆ ಬಾಯಿಪಾಠ. ಅತ್ತೆಯ ಸೀರೆಯ ಒಂದು ಚುಂಗು ಹಿಡಿದುಕೊಂಡು ಬಂದಿದ್ದಳು.

'ಇದಕ್ಕ ಏನ ಅಂತಾರಕ್ಕಾ?'

'ಹೊಸಾದಿದ್ದಾಗ ರಾಮಾ ಬಣ್ಣ. ನವಿಲಿನ ಕುತ್ತಿಗಿ ಇರ್ತೈತಲ್ಲ, ಹಂಗ.'

'ಈಗ?'

'ಈಗ ಏನ ಅಂತಾರ? ಮಾಸಿದ್ದು ಅಂತಾರ.'

'ಮಾಸಿದ್ದಕ್ಕ ಹೆಸರ ಇಲ್ಲೇನ್ರಿ?'

'ಮಾಸಿದ್ದ ಸೀರಿಗೆ ಯಾರ ನಾಮಕರಣ ಮಾಡ್ತಾರ್ರಿ ಬಾಯಿ! ನೆಲಾ ಒರಸ್ತಾರ.'

ಆಕೆ ಆ ಹೆಸರಿಲ್ಲದ ಬಣ್ಣಕ್ಕೆ ಹನ್ನೊಂದು ದಿನ ಕೂತಳಂತೆ. ಆಮೇಲೆ ಚಿತ್ರ ಅಂಗಡಿಗೆ ಬಂತು. ನಾನು ನೋಡಿದೆ. ಕಿಟಕಿಯ ಪಕ್ಕ ಕೂತ ಮುದುಕಿ, ಮೈಮೇಲೆ ಆ ಸೀರೆ, ಕೈ ತೊಡೆಯ ಮೇಲೆ. ನೋಡಿದ ತಕ್ಷಣ ಯಾಕೋ ನನ್ನ ಅವ್ವ ನೆನಪಾದಳು. ಅದೇ ನನ್ನನ್ನು ಕೆಡಿಸಿದ್ದು. ವ್ಯಾಪಾರದಲ್ಲಿ ಕೂತಾಗ ಅವ್ವನನ್ನು ನೆನೆಯಬಾರದು.

'ಯಾರ್ರಿ ಇವರು?'

'ನಮ್ಮ ಅತ್ತಿ.'

'ಇದ್ದಾರೋ, ಹೋಗ್ಯಾರೋ?'

'ಹೋಗ್ಯಾರ್ರಿ,' ಅಂದಳು. ಮುಖ ಸಣ್ಣಗೆ ಮಾಡಿಕೊಂಡಿದ್ದಳು ಬೇರೆ.

'ಅಯ್ಯ ಶಿವನ! ಯಾವತ್ರಿ?'

'ಹ್ವಾದ ಸೋಮವಾರ. ಮುಂಜಾನಿ ಒಂಬತ್ತಕ್ಕ.'

'ಏನಾಗಿತ್ರಿ?'

'ಕಣ್ಣಿನ ಆಪರೇಶನ್.'

'ಕಣ್ಣಿನ ಆಪರೇಶನ್ನಿಗೆ ಯಾರರ ಹೋಗ್ತಾರೇನ್ರಿ?'

'ಹೋಗ್ತಾರ್ರಿ. ಹದಿನೈದ ದಿನಾ ಆದಮ್ಯಾಲ ಹೋಗಬಹುದು ಅಂತ ಡಾಕ್ಟರ ಹೇಳಿದ್ರಲ್ಲ.'

ಹೊರದೇಶದವಳು, ದುಃಖದಲ್ಲಿ ಮಾತು ಹಿಂದುಮುಂದಾಗಿದೆ ಅಂದುಕೊಂಡೆ. 'ಬಾಳ ತ್ರಾಸ ಆತೇನ್ರಿ?'

'ಇಲ್ಲರಿ. ನಕ್ಕೊಂತ ಹ್ವಾದ್ರು.'

'ಪುಣ್ಯವಂತ್ರು. ನಿಮ್ಮ ಮನಿಯವ್ರು?'

'ಅವ್ರ ಕಳಿಸಿ ಬಂದ್ರು. ಮನಿ ಈಗ ಖಾಲಿ ಖಾಲಿ ಅನಸ್ತೈತ್ರಿ ಅಕ್ಕಾ.'

ನನಗೆ ಕಣ್ಣೀರು ಬಂತು. ಸೆರಗಿನಿಂದ ಒರೆಸಿಕೊಂಡೆ. ಸೊಸೆಯ ಬಾಯಲ್ಲಿ ಇಂಥ ಮಾತು ಈಗ ಎಲ್ಲಿ ಕೇಳಲು ಸಿಗುತ್ತದೆ! ಈ ಫ್ರೇಮಿಗೆ ಚೌಕಾಶಿ ಬೇಡ, ನಾನೇ ಕೈಯಾರೆ ಮಾಡುತ್ತೇನೆ ಅಂದೆ. ಸಾಗವಾನಿ ಪಟ್ಟಿ ಹಾಕಿದೆ. ಎಲ್ಲಕ್ಕಿಂತ ಒಳ್ಳೆಯ ಹಿತ್ತಾಳೆ ಕೊಂಡಿ, ಹೊಸ ಹೋಲ್ಡರ್, ಬಲ್ಬು. ಚಿತ್ರದ ಹಿಂದೆ ಆಕೆ ಅತ್ತೆಯ ಹೆಸರು ಬರೆದಿದ್ದಳು. ಅದನ್ನು ನೋಡಿ ತಗಡಿನ ಪಟ್ಟಿ ನನ್ನ ಕಡೆಯಿಂದಲೇ ಬರೆಸಿದೆ. ಪೇಪರು ಸುತ್ತಿ, ಸುತಳಿ ಕಟ್ಟಿ ಇಟ್ಟೆ. ಶನಿವಾರ ಆಕೆ ಬಂದವಳೇ ಬಿಚ್ಚಿ ನೋಡದೆ ಎತ್ತಿಕೊಂಡು ಬಸ್ಸು ಹತ್ತಿದಳು. ನೀವು ಮಾತ್ರ ಹಾಗೆ ಮಾಡಬೇಡಿರಿ. ಯಾವ ಅಂಗಡಿಯಿಂದ ಏನು ಕಟ್ಟಿಸಿಕೊಂಡರೂ ಅಲ್ಲೇ ಬಿಚ್ಚಿಸಿ, ನೋಡಿ, ಮತ್ತೆ ಕಟ್ಟಿಸಿಕೊಂಡು ಒಯ್ಯಿರಿ. ಅಂಗಡಿಯವರು ಗೊಣಗುತ್ತಾರೆ. ಗೊಣಗಲಿ. ನಾನೂ ಗೊಣಗುತ್ತೇನೆ.

ರವಿವಾರ ಮುಂಜಾನೆ ಹತ್ತೂವರೆಗೆ ಫೋನು ಬಂತು.

'ಅಕ್ಕಾ, ನೀವು ನಮ್ಮ ಅತ್ತೀನ ಕೊಂದ್ರಿ.'

ಆಮೇಲೆ ತಿಳಿದದ್ದು ಇಷ್ಟು. ಪಡಸಾಲೆಯಲ್ಲಿ ಇಪ್ಪತ್ತು ಮಕ್ಕಳು, ಅವರನ್ನು ಬಿಡಲು ಬಂದ ನಾಲ್ಕೈದು ತಾಯಂದಿರು. ಎಲ್ಲರ ಮುಂದೆ ಸುತಳಿ ಬಿಚ್ಚಿದ್ದಾರೆ. ಅತ್ತೆಗೆ ಹೊಸ ಕಣ್ಣಿನ ಹುಮ್ಮಸ್ಸು. ಕ್ಯಾಲೆಂಡರು, ಸೋಪಿನ ಡಬ್ಬಿ, ಬಸ್ಸಿನ ಬೋರ್ಡು, ಸಿಕ್ಕಿದ್ದನ್ನೆಲ್ಲ ಗಟ್ಟಿಯಾಗಿ ಓದಿ ತೋರಿಸುತ್ತಿದ್ದ ದಿನಗಳು. ಚಿತ್ರ ನೋಡುವ ಮೊದಲು ತಗಡಿನ ಪಟ್ಟಿಗೆ ಬಗ್ಗಿ, ಬೆರಳಿಟ್ಟು, 'ಲಿಂ...' ಎಂದು ಶುರುಮಾಡಿ ಮುಂದೆ ತನ್ನದೇ ಹೆಸರನ್ನು ಓದಿದ್ದಾಳೆ. ಆಮೇಲೆ ಕೊಂಡಿ ನೋಡಿದ್ದಾಳೆ, ಬಲ್ಬು ನೋಡಿದ್ದಾಳೆ, ಚಿತ್ರವನ್ನು ಕೆಳಗಿನಿಂದ ಮೇಲಿನ ತನಕ ನೋಡಿದ್ದಾಳೆ. ಮಕ್ಕಳನ್ನೆಲ್ಲ ಎಬ್ಬಿಸಿ ಹೊರಗೆ ಕಳಿಸಿ, ಉತ್ತರದ ಬಾಗಿಲು ಹಾಕಿದ್ದಾಳೆ.

'ಹೋಗ್ಯಾರ ಅಂತ ಯಾರ ಹೇಳಿದ್ದು?' ಎಂದು ನಾನು ಫೋನಿನಲ್ಲೇ ಕೂಗಾಡಿದೆ.

'ಖಾನಾಪುರಕ್ಕ ಹೋಗ್ಯಾರ ಅಂದೆ! ಹೋಗ್ತೀನಿ ಅಂದ್ರ ಸತ್ತಂಗ, ಆ ಮಾತ ಅನಬಾರದು ಅಂತ ನೀವ ಹೇಳಿದ್ರಿ. ಅನಬಾರದ ಮಾತು ನೀವ ಯಾಕ ಕೇಳಿದ್ರಿ?'



ಸೋಮವಾರ ಅಂಗಡಿ ಮುಚ್ಚಿ, ಸ್ಕ್ರೂಡ್ರೈವರು, ಮೇಣ, ಪಾಲಿಶಿನ ಬಾಟಲಿ ಚೀಲಕ್ಕೆ ಹಾಕಿಕೊಂಡು ಖಾನಾಪುರದ ಬಸ್ಸು ಹತ್ತಿದೆ. ಅತ್ತೆ ಬಾಗಿಲಲ್ಲೇ ಕೂತು ಹುಣಸೆಹಣ್ಣಿನ ಬೀಜ ತೆಗೆಯುತ್ತಿದ್ದಳು. ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

'ಫ್ರೇಮಿನವ್ರೇನು? ಬರ್ರಿ, ಕುಂದರ್ರಿ. ನನ್ನ ಮಣ್ಣಿಗೆ ಬಂದಿದ್ರ ತಡಾ ಆತು.'

'ತಪ್ಪಾತ್ರಿ ಆಯಿ. ಹೊಟ್ಯಾಗ ಹಾಕ್ಕೋರಿ.'

'ಇರಲಿ. ನಾ ನಕ್ಕೊಂತ ಹ್ವಾದೆ ಅಂತಲ್ಲ? ಅಷ್ಟರ ಚೊಲೋ ಆತು.'

ಚಹಾ ಕೊಟ್ಟಳು. ಚಿತ್ರವನ್ನು ಗೋಡೆಯ ಕಡೆ ಮುಖ ಮಾಡಿ ನಿಲ್ಲಿಸಿದ್ದರು. ನಾನು ಕೊಂಡಿ ಬಿಚ್ಚಿದೆ, ಹೋಲ್ಡರ್ ಕಿತ್ತೆ, ತಗಡು ತೆಗೆದೆ, ತೂತಿಗೆ ಮೇಣ ತುಂಬಿದೆ, ತಂತಿಯನ್ನು ಮೇಲಕ್ಕೆ ಕಟ್ಟಿದೆ. ಒಂದು ತಾಸಿನ ಕೆಲಸ. ಮುಗಿಯಿತು ಅಂದುಕೊಂಡೆ.

'ಹಂಗಾರ ರವಿವಾರ ಮಕ್ಕಳ ಬರ್ಲೇನ್ರಿ ಆಯಿ?'

'ಬ್ಯಾಡ.'

'ಕೊಂಡಿ ತಗದೆನಲ್ರಿ.'

'ಕೊಂಡೀದು ಯಾರ ಮಾತಾಡಿದ್ರು? ನಿಮಗ ತಿಳೀಲಿಲ್ಲ, ಹಾಕಿದ್ರಿ, ತಗದ್ರಿ. ಆ ಸೀರಿ ನೋಡ್ರಿ.' ಚಿತ್ರವನ್ನು ತಿರುಗಿಸಿ ಬೆರಳಿನಿಂದ ತಟ್ಟಿದಳು. 'ಅದು ನಾ ಕಾಳ ಹಸನ ಮಾಡಾಕ ಉಡೂ ಸೀರಿ. ದವಾಖಾನಿಗೆ ಹೊಲಸಾದ್ರ ಆಗ್ಲಿ ಅಂತ ಒಯ್ದಿದ್ದೆ. ನನ್ನ ಕಪಾಟಿನಾಗ ಹದಿನಾಲ್ಕ ಇಲಕಲ್ಲ ಸೀರಿ ಅದಾವ. ಇಕಿಗೆ ಇದ ಕಂಡ್ತು! ಸತ್ತವ್ರಿಗರ ಹೊಸಾ ಸೀರಿ ಉಡಸ್ತಾರ. ನನಗ ಅದೂ ಇಲ್ಲ.'

ಆಕೆ ಹೇಳಿದ್ದರಲ್ಲಿ ತಪ್ಪೇನಿತ್ತು? ಸತ್ತಳೆಂದದ್ದನ್ನು ಕ್ಷಮಿಸಿದವಳು ಮಾಸಿದ ಸೀರೆಯನ್ನು ಕ್ಷಮಿಸಲಾರದೆ ಕೂತಿದ್ದಳು.

'ಹಗಲೆಲ್ಲಾ ಮಂದಿ ಬಂದು ಹೋಗೂ ಮನಿ. ಡಾಕ್ಟರನ ಅವ್ವ, ಮೈಮ್ಯಾಲ ಒಂದ ನೆಟ್ಟಗಿನ ಸೀರಿ ಇಲ್ಲ ಅನ್ನೂದಿಲ್ಲೇನು? ಸೀರಿ ಬದಲ ಮಾಡ್ಲಿ. ಅಲ್ಲೀ ತನಕಾ ಪಡಸಾಲಿ ಕದಾ ತಗ್ಯೂದಿಲ್ಲ.'

ಇಷ್ಟೇ ತಾನೆ ಎಂದು ಹಗುರಾಗಿ ಚಿತ್ರ ಎತ್ತಿಕೊಂಡು ಸೀದಾ ಅನಗೋಳಕ್ಕೆ ಹೋದೆ. ಹಗುರಾದದ್ದು ನನ್ನ ಮೂರ್ಖತನ.

'ಆಗೂದಿಲ್ಲಕ್ಕಾ,' ಅಂದಳು ಬಾಯಿ.

'ಒಂದ ಸೀರಿರೀ! ಎರಡ ತಾಸಿನ ಕೆಲಸ.'

'ಮುಖದ ಮ್ಯಾಲಿನ ಬೆಳಕ ನೋಡ್ರಿ. ಅದು ಆ ಸೀರಿಯಿಂದ ಬಂದದ್ದು. ಸೀರಿ ತಗದ್ರ ಮುಖಾನೂ ಹೋಗ್ತೈತಿ.'

'ಮತ್ತ ಹೋಗ್ತೈತಿ ಅಂತಾಳ ನೋಡ! ಬಾಯಿ, ನಿಮಗ ಸೀರಿ ಬೇಕೋ, ಸಾಲಿ ಬೇಕೋ?'

ಕುಂಚ ಒರೆಸುತ್ತ, 'ಎರಡೂ ಬೇಕು' ಅಂದಳು.

ಎದ್ದು ಹೊರಟೆ. ಬಾಗಿಲಿನಿಂದ ಎರಡು ಹೆಜ್ಜೆ ಇಟ್ಟೆ. ಹಿಂದಕ್ಕೆ ಕರೆಯುತ್ತಾಳೆ ಎಂದು ಕಾದೆ. ಕರೆಯಲಿಲ್ಲ. ನಾನೇ ಕಲಿಸಿದ ವಿದ್ಯೆ ನನಗೇ ತಿರುಗಿಸಿದ್ದಳು. ಬಾಯಿಯ ಗಂಡನಿಗೆ ಹೇಳಿ ನೋಡೋಣವೆಂದರೆ, ಆತ 'ಅವ್ವಗ ಒಂದ ಮಾತು, ಇಕಿಗೆ ಒಂದ ಮಾತು, ನಾ ಹೇಳಂಗಿಲ್ರಿ' ಎಂದು ದವಾಖಾನೆಗೆ ಓಡಿದ. ದೊಡ್ಡ ಡಾಕ್ಟರು!

ಮುಂದಿನ ರವಿವಾರ ಬಾಯಿ ಹಟ ಬಿಡದೆ ಖಾನಾಪುರಕ್ಕೆ ಹೋಗಿ ಮನೆಯ ಹೊರಗಿನ ಕಟ್ಟೆಯ ಮೇಲೆ ಮಕ್ಕಳನ್ನು ಕೂರಿಸಿದಳು. ಗಾಳಿಗೆ ಹಾಳೆ ಹಾರಿದವು. ಹನ್ನೊಂದಕ್ಕೆ ಬಿಸಿಲು ಕಟ್ಟೆಗೆ ಬಂತು. ಎಮ್ಮೆಯೊಂದು ಬಣ್ಣದ ನೀರು ಕುಡಿಯಿತು. ಅದರ ಮುಂದಿನ ವಾರ ಹನ್ನೆರಡು ಮಕ್ಕಳು, ಅದರ ಮುಂದೆ ಏಳು. ಕದದ ಸಂದಿಯಿಂದ ಅತ್ತೆ ಎಣಿಸುತ್ತಿದ್ದಳು ಎಂದು ಆಮೇಲೆ ತಿಳಿಯಿತು. ಏಳು ಮಕ್ಕಳಾದ ದಿನ ಸಂಜೆ ಬಾಯಿ ನನ್ನ ಅಂಗಡಿಗೆ ಬಂದು ಸ್ಟೂಲಿನ ಮೇಲೆ ಕೂತಳು. 'ಎರಡೂ ಬೇಕು' ಅಂದವಳ ಕೈಯಲ್ಲಿ ಒಂದೇ ಉಳಿಯುತ್ತಿತ್ತು. ಆದರೂ ಸೀರೆ ಬದಲಿಸುತ್ತೇನೆ ಅನ್ನಲಿಲ್ಲ. ನನಗೆ ಸಿಟ್ಟು ಎಷ್ಟು ಬಂತೆಂದರೆ ಗಾಜು ವಕ್ರವಾಗಿ ಕತ್ತರಿಸಿದೆ. ಹೋಗುವಾಗ 'ಹೋಗ್ತೀನಿ' ಅಂದಳು. ಆ ದಿನ ನಾನು ತಿದ್ದಲಿಲ್ಲ.

ಮರುದಿನ ಮತ್ತೆ ಅಂಗಡಿ ಮುಚ್ಚಿ ಖಾನಾಪುರಕ್ಕೆ ಹೋದೆ. ವ್ಯಾಪಾರದಲ್ಲಿ ಎರಡೂ ಕಡೆಯವರು ಜಗ್ಗದೆ ಕೂತರೆ, ಮಧ್ಯದಲ್ಲಿರುವ ವಸ್ತುವಿನ ಮಾತು ಬಿಟ್ಟು ಬೇರೆ ವಸ್ತು ತರಬೇಕು. ಇದನ್ನು ಯಾರೂ ಹೇಳಿಕೊಡುವುದಿಲ್ಲ, ನಾನು ಹೇಳುತ್ತಿದ್ದೇನೆ.

'ಆಯಿ, ಕಪಾಟಿನಾಗ ಹದಿನಾಲ್ಕ ಇಲಕಲ್ಲ ಅದಾವ ಅಂದ್ರಲ್ಲ, ಅದನ್ನ ಯಾರ ನೋಡ್ಯಾರ್ರಿ?'

'ನೋಡೂದೇನು? ಲಗ್ನಕ್ಕೊಂದ ಉಡತೀನಿ, ಮಡಚಿ ಇಡತೀನಿ.'

'ನುಸಿ ನೋಡ್ತಾವು, ಅಷ್ಟ. ಸೊಸಿ ಒಂದ ಸೀರೀದ ಚಿತ್ರಾ ತಗದ್ಲು. ಉಳದ ಹದಿನಾಲ್ಕು ಯಾರ ತಗೀಬೇಕು? ಇಪ್ಪತ್ತ ಮಕ್ಕಳ ಖಾಲಿ ಕುಂತಾವು.'

ಮುದುಕಿ ಹುಣಸೆಬೀಜ ಬಿಟ್ಟಳು. ಕಣ್ಣು ಸಣ್ಣಗೆ ಮಾಡಿದಳು. ಎದುರಿಗೆ ಕೂತವಳು ವ್ಯಾಪಾರ ಬಲ್ಲವಳು ಎಂದು ಆಗಲೇ ನನಗೆ ಖಾತ್ರಿಯಾಯಿತು.

'ರವಿವಾರಕ್ಕ ಎರಡ ಸೀರಿ ಉಟ್ಟ ಕುಂದರ್ತೀನಿ.'

'ಮಕ್ಕಳ ಕೈ ಓಡೂದಿಲ್ಲರಿ. ಒಂದು.'

'ಒಂದಂದ್ರ ಕುರ್ಚಿ ಪಡಸಾಲಿ ನಡುವ ಇರಬೇಕು. ಮೂಲ್ಯಾಗಲ್ಲ.'

'ಇರಲಿ.'

'ಚೊಲೋದ ಒಂದಕ್ಕ ಪ್ರತಿ ಸರ್ತಿ ಫ್ರೇಮ್ ಹಾಕಬೇಕು.'

'ಪಟ್ಟಿ ನಂದು, ಗಾಜು ನಿಮ್ದು.'

'ಗಾಜೂ ನಿಮ್ದ. ನನ್ನ ಸಾಯಿಸಿದವ್ರ ಯಾರು?'

ಅಲ್ಲಿ ನಾನು ಸೋತೆ. ಆಕೆ ಅದನ್ನು ಕೊನೆಗೆ ಬೇಕೆಂದೇ ಇಟ್ಟುಕೊಂಡಿದ್ದಳು.

'ಮತ್ತ ಆ ಮಾಸಿದ ಸೀರೀ ಚಿತ್ರಾ ಈ ಮನ್ಯಾಗ ಬ್ಯಾಡ. ಅನಗೋಳದಾಗೂ ಬ್ಯಾಡ, ಅಲ್ಲಿ ಡಾಕ್ಟರ ಮಂದಿ ಬರ್ತಾರ. ನೀವ ಒಯ್ದು ಇಟ್ಕೋರಿ.'

ಬಾಯಿಗೆ ಹೇಳಿದರೆ, ಚಿತ್ರ ಬದಲಾಗುವುದಿಲ್ಲ ತಾನೆ ಎಂದು ಎರಡೆರಡು ಸಲ ಕೇಳಿಕೊಂಡಳು. ಆಮೇಲೆ, ಬಟ್ಟೆಯ ನಿರಿಗೆ ಬಿಡಿಸುವುದು ಹೇಗೂ ಕಲಿಸಬೇಕಾಗಿತ್ತು, ಬದನೆಕಾಯಿಗಿಂತ ಒಳ್ಳೆಯದು ಅಂದಳು. ಮೂರು ವಾರ ನನ್ನ ಜೀವ ತಿಂದು, ಕೊನೆಗೆ ಇಷ್ಟು!

ಕದ ತೆರೆದ ರವಿವಾರ ನಾನೂ ಹೋಗಿದ್ದೆ. ಅತ್ತೆ ಕೆಂಪು ಸೆರಗಿನ ಇಲಕಲ್ಲ ಸೀರೆ ಉಟ್ಟು, ಫೋಟೋ ಸ್ಟುಡಿಯೋದಲ್ಲಿ ಕೂತ ಹಾಗೆ ಉಸಿರು ಹಿಡಿದು ಪಡಸಾಲೆಯ ನಡುವೆ ಕೂತಿದ್ದಳು. ಹದಿನಾರು ಮಕ್ಕಳು ಬಂದಿದ್ದರು. ಹನ್ನೆರಡಕ್ಕೆ ಎದ್ದು ಒಂದೊಂದೇ ಹಾಳೆ ಕಣ್ಣಿನ ಹತ್ತಿರ ಹಿಡಿದು ನೋಡಿದಳು. ಒಂದರಲ್ಲಿ ಆಕೆಯ ಮುಖ ಬಟಾಟೆಯ ಹಾಗಿತ್ತು, ಅದನ್ನೇ ಆರಿಸಿದಳು.

'ಮುಖಾ ಹೆಂಗರ ಇರವಲ್ದ್ಯಾಕ. ಸೆರಗಿನ ಮ್ಯಾಲಿನ ಟೋಪ ತೆನಿ ಚಿತ್ತಾರ ಎಣಿಸಿ ಬಿಡಸ್ಯಾಳ ಹುಡುಗಿ. ಇದಕ್ಕ ಫ್ರೇಮ್ ಹಾಕ್ರಿ.'

'ಅತ್ತಿ, ಅದರಾಗ ಕೈ ಇಲ್ಲ,' ಅಂದಳು ಬಾಯಿ.

'ಕೈ ಸೆರಗಿನಾಗ ಐತಿ. ನಿನಗ ಕಾಣೂದಿಲ್ಲ. ನೀನೂ ಆಪರೇಶನ್ ಮಾಡಿಸ್ಕೋ.'

ಮಕ್ಕಳು ನಕ್ಕರು. ಬಾಯಿಗೆ ಸಿಟ್ಟು ಬಂದಿತ್ತು. ಆದರೂ ಆ ಹಾಳೆ ತೆಗೆದುಕೊಂಡು, ಬಿಡಿಸಿದ ಹುಡುಗಿಯನ್ನು ಹತ್ತಿರ ಕೂರಿಸಿಕೊಂಡು ಕೈ ಎಲ್ಲಿ ಬರಬೇಕು ಎಂದು ತೋರಿಸುತ್ತಿದ್ದಳು. 'ಹೌದ್ರಿ ಅಕ್ಕೋರ' ಅನ್ನುತ್ತಿತ್ತು ಹುಡುಗಿ.

ಈಗ ಒಂಬತ್ತನೇ ಸೀರೆ ನಡೆದಿದೆ. ಪ್ರತಿ ಸೋಮವಾರ ಬಾಯಿ ಒಂದು ಬಟಾಟೆ ಮುಖ ತಂದು ನನ್ನ ಮುಂದೆ ಇಡುತ್ತಾಳೆ, ಪಟ್ಟಿ ನನ್ನದು, ಗಾಜೂ ನನ್ನದು. ಅಂಚಿನ ಎಳೆ ಎಣಿಸುವುದೇ ಚಿತ್ರಕಲೆ ಎಂದು ಮಕ್ಕಳು ತಿಳಿದುಕೊಳ್ಳುತ್ತಿದ್ದಾರೆ ಎಂದು ಆಕೆ ಗೊಣಗುತ್ತಾಳೆ. ಹದಿನಾಲ್ಕು ಮುಗಿಯುವುದರೊಳಗೆ ಅತ್ತೆ ಹೊಸ ಸೀರೆ ಕೊಳ್ಳಲು ಶಹಾಪುರಕ್ಕೆ ಬರುವವಳಿದ್ದಾಳಂತೆ. ಜೊತೆಗೆ ನಾನೇ ಹೋಗಬೇಕಂತೆ, ರೇಟು ಮಾಡಲು.

ಆ ಮಾಸಿದ ಸೀರೆಯ ಚಿತ್ರ ನನ್ನ ಅಂಗಡಿಯಲ್ಲಿ, ಗಲ್ಲಾಪೆಟ್ಟಿಗೆಯ ಹಿಂದಿನ ಗೋಡೆಯ ಮೇಲಿದೆ. ಕೊಂಡಿಯ ತೂತಿಗೆ ತುಂಬಿದ ಮೇಣ ಬಿಸಿಲಿಗೆ ಸ್ವಲ್ಪ ಒಡೆದು ಕಾಣುತ್ತದೆ. ಮಾರಾಟಕ್ಕೆ ಇದೆಯೇ ಎಂದು ಇಬ್ಬರು ಕೇಳಿದ್ದಾರೆ. ಇಲ್ಲ ಅಂದೆ, ರೇಟು ಕೇಳುವ ಮೊದಲೇ ಇಲ್ಲ ಅಂದೆ. ಯಾಕೆ ಹಾಗೆ ಅಂದೆನೋ ನನಗೇ ಗೊತ್ತಿಲ್ಲ. ಮೊನ್ನೆ ಒಬ್ಬ ಗಿರಾಕಿ ತನ್ನ ಅಪ್ಪನ ಫೋಟೋ ಹಿಡಿದುಕೊಂಡು ನಿಂತವನು ಅದನ್ನೇ ಬಹಳ ಹೊತ್ತು ನೋಡಿದ.

'ಯಾರ್ರಿ ಅಕ್ಕಾ ಇವರು? ನಿಮ್ಮ ಅವ್ವ ಏನ್ರಿ? ಇದ್ದಾರೋ...'

'ಹೋಗ್ಯಾರ,' ಅಂದುಬಿಟ್ಟೆ. ಆ ದಿನ ಮುಂಜಾನೆ ಅತ್ತೆ ಕಣ್ಣು ತೋರಿಸಲು ಬೆಳಗಾವಿಗೆ ಬಂದು, ನನ್ನ ಅಂಗಡಿಯಲ್ಲಿ ಚಹಾ ಕುಡಿದು, ಇದೇ ಚಿತ್ರಕ್ಕೆ ಬೆನ್ನು ತಿರುಗಿಸಿ ಕೂತು, ಹತ್ತೂವರೆಯ ಬಸ್ಸಿಗೆ ಹೋಗಿದ್ದಳು.

ಅವನು 'ಅಯ್ಯೋ' ಅನ್ನಲು ಬಾಯಿ ತೆರೆದ. ನಾನು ಕೈ ಅಡ್ಡ ಹಿಡಿದು ಹೇಳಿದೆ: 'ಖಾನಾಪುರಕ್ಕ ಹೋಗ್ಯಾರಪಾ, ಖಾನಾಪುರಕ್ಕ. ರವಿವಾರ ಸೀರಿ ಉಡೂದೈತಿ ಅವ್ರದು. ನೀ ನಿಮ್ಮ ಅಪ್ಪಂದ ಹೇಳು. ಪೂರ್ತಿ ಹೇಳು. ಎಲ್ಲಿಗೆ ಹೋಗ್ಯಾರ?'